ಎದುರಿನವರ ಮುಖ ಬಾಡಿದರೆ ನನ್ನ ಹೊಟ್ಟೆಯಲ್ಲಿ ಸಂಕಟವೇಕೆ?

ಪ್ರಶ್ನೆ: ನಾನು 36 ವರ್ಷದ ಶಿಕ್ಷಕಿ. ವಿಜಯಪುರ ನಗರದಲ್ಲಿ ಅತ್ತೆ, ಮೈದುನ, ನೆಗೆಣ್ಣಿಯರಿರುವ ಕೂಡು ಕುಟುಂಬ ನಮ್ಮದು. ನಿತ್ಯ ಬಸ್ಸಿನಲ್ಲಿ ತಾಂಡಾವೊಂದರ ಸರಕಾರಿ ಶಾಲೆಗೆ ಹೋಗಿ ಬರುತ್ತೇನೆ. ದೀಪಾವಳಿ ಮುಗಿದ ಮೇಲೆ ನಮ್ಮ ಮಕ್ಕಳ ತಂದೆ-ತಾಯಂದಿರು ಕಬ್ಬು ಕಡಿಯಲು ಮಹಾರಾಷ್ಟ್ರದ ಕಡೆ ಹೋಗುತ್ತಾರೆ, ಮಕ್ಕಳು ಅಜ್ಜಿಯರ ಬಳಿ ಉಳಿಯುತ್ತಾರೆ. ಮೂರನೆಯ ತರಗತಿಯ ಹುಡುಗನೊಬ್ಬ ಬಿಸಿಯೂಟದ ತಟ್ಟೆಯನ್ನು ಮುಂದಿಟ್ಟುಕೊಂಡು ಸದ್ದಿಲ್ಲದೆ ಕಣ್ಣೀರು ಹಾಕುತ್ತಾನೆ. ಅವನನ್ನು ನೋಡಿದರೆ ನನ್ನ ಗಂಟಲು ಕಟ್ಟುತ್ತದೆ, ಅಂದು ನನಗೂ ಊಟ ಸೇರುವುದಿಲ್ಲ. ಹೋದ ವಾರ ತಡೆಯಲಾಗದೆ ಅವನನ್ನು ಅಡುಗೆಯವರಿಗೆ ಒಪ್ಪಿಸಿ ಆಫೀಸ್ ಕೋಣೆಗೆ ಹೋಗಿ ಕುಳಿತುಬಿಟ್ಟೆ. ಮನೆಯಲ್ಲೂ ಹೀಗೆಯೇ. ಅತ್ತೆಯವರ ಮುಖ ಗಂಟಿಕ್ಕಿದ್ದರೆ ನಾನೇನು ತಪ್ಪು ಮಾಡಿದೆನೋ ಎಂಬ ತಳಮಳ ರಾತ್ರಿಯವರೆಗೂ ಬಿಡುವುದಿಲ್ಲ. ಎಷ್ಟೋ ಸಲ ಅವರಿಗೆ ಮೊಣಕಾಲು ನೋವಿತ್ತೆಂದು ಮರುದಿನ ತಿಳಿಯುತ್ತದೆ. ಚಿಕ್ಕಂದಿನಲ್ಲಿ ಅಪ್ಪ ಕುಡಿದು ಬರುತ್ತಿದ್ದರು, ಅವರ ಹೆಜ್ಜೆಯ ಸಪ್ಪಳದಿಂದಲೇ ಆ ರಾತ್ರಿ ಹೇಗಿರುತ್ತದೆಂದು ನನಗೆ ಗೊತ್ತಾಗುತ್ತಿತ್ತು. ಯಜಮಾನರು ‘ಮನಸ್ಸು ಗಟ್ಟಿ ಮಾಡಿಕೋ’ ಎನ್ನುತ್ತಾರೆ. ಮೂರ್ನಾಲ್ಕು ತಿಂಗಳಿಂದ ನಸುಕಿನಲ್ಲೇ ಎಚ್ಚರವಾಗಿ ಮತ್ತೆ ನಿದ್ದೆ ಹತ್ತುತ್ತಿಲ್ಲ. ಎಂಟು ವರ್ಷದ ಮಗಳೂ ನನ್ನ ಹಾಗೆಯೇ; ನಾನು ಸುಮ್ಮನಿದ್ದರೆ ಸಾಕು, ‘ಅವ್ವಾ, ನನ್ನ ಮ್ಯಾಲ ಸಿಟ್ಟಾಗೀಯೇನು?’ ಎಂದು ಕೇಳುತ್ತಾಳೆ. ಮೊಬೈಲಿನ ವಿಡಿಯೊಗಳಲ್ಲಿ ಇಂಥವರನ್ನು ‘ಎಂಪಾತ್’ ಎನ್ನುತ್ತಾರೆ, ಇದೊಂದು ವರ, ಕೆಟ್ಟ ಮನಸ್ಸಿನವರಿಂದ ದೂರವಿರಬೇಕು ಎನ್ನುತ್ತಾರೆ. ಇದು ರೋಗವೋ, ವರವೋ?

ಉತ್ತರ: ಎರಡೂ ಅಲ್ಲ. ವಿಡಿಯೊಗಳು ಹೇಳುವ ‘ಎಂಪಾತ್’ ಎಂಬ ವರ್ಗ ಮನೋವಿಜ್ಞಾನದಲ್ಲಿಲ್ಲ. ಕೆಲವರಿಗೆ ಮಾತ್ರ ಪರರ ಮನಸ್ಸನ್ನು ಓದುವ ಶಕ್ತಿ ಇರುತ್ತದೆ ಎಂಬುದಕ್ಕೆ ಆಧಾರವಿಲ್ಲ. ಆದರೆ ಅದರ ಹಿಂದೆ ಒಂದು ನಿಜ ಸಂಗತಿ ಇದೆ. ಅಮೆರಿಕದ ಮನಶ್ಶಾಸ್ತ್ರಜ್ಞೆ ಇಲೇನ್ ಅರಾನ್ ಮತ್ತು ಅವರ ಪತಿ ಆರ್ಥರ್ ಅರಾನ್ 1997ರಲ್ಲಿ 27 ಪ್ರಶ್ನೆಗಳ ಒಂದು ಅಳತೆಪಟ್ಟಿಯನ್ನು ಪ್ರಕಟಿಸಿ, ಕೆಲವರು ಸದ್ದು, ಬೆಳಕು, ವಾಸನೆ, ಎದುರಿನವರ ಮನಸ್ಥಿತಿ ಇವೆಲ್ಲವನ್ನೂ ಉಳಿದವರಿಗಿಂತ ಆಳವಾಗಿ ಗ್ರಹಿಸುತ್ತಾರೆ, ಹಾಗಾಗಿ ಬೇಗನೆ ದಣಿಯುತ್ತಾರೆ ಎಂದು ತೋರಿಸಿದರು. ಇದು ಸ್ವಭಾವದ ಒಂದು ಗುಣವೇ ಹೊರತು ಯಾವ ರೋಗಪಟ್ಟಿಯಲ್ಲೂ ಇದರ ಹೆಸರಿಲ್ಲ. 2018ರಲ್ಲಿ ಪ್ರಕಟವಾದ ಇನ್ನೊಂದು ಅಧ್ಯಯನದಲ್ಲಿ ಸುಮಾರು 31 ಪ್ರತಿಶತ ಜನ ಹೆಚ್ಚು ಸೂಕ್ಷ್ಮರು, 40 ಪ್ರತಿಶತ ಮಧ್ಯಮರು, 29 ಪ್ರತಿಶತ ಕಡಿಮೆ ಸೂಕ್ಷ್ಮರು ಎಂದು ಕಂಡುಬಂತು. ಅಂದರೆ ಹತ್ತು ಶಿಕ್ಷಕರಿರುವ ಶಾಲೆಯಲ್ಲಿ ನಿಮ್ಮಂಥವರು ಇನ್ನಿಬ್ಬರಾದರೂ ಇರಬಹುದು, ಅವರು ಹೇಳಿಕೊಂಡಿರಲಿಕ್ಕಿಲ್ಲ ಅಷ್ಟೇ. ಅವಳಿ ಮಕ್ಕಳ ಮೇಲಿನ ಅಧ್ಯಯನದ ಪ್ರಕಾರ ಈ ಗುಣದಲ್ಲಿ ಒಬ್ಬರಿಗೂ ಇನ್ನೊಬ್ಬರಿಗೂ ಇರುವ ವ್ಯತ್ಯಾಸದ ಅರ್ಧದಷ್ಟು ಹುಟ್ಟಿನಿಂದ ಬಂದದ್ದು, ಉಳಿದದ್ದು ಬೆಳೆದ ಪರಿಸರದಿಂದ. ನಿಮ್ಮ ಪತ್ರದಲ್ಲಿ ಈ ಎರಡರ ಗುರುತೂ ಇದೆ.

ನನಗೆ ಮುಖ್ಯವಾಗಿ ಕಂಡದ್ದು ನೀವು ಒಂದೇ ಸಾಲಿನಲ್ಲಿ ಬರೆದು ಮುಂದೆ ಹೋದ ಸಂಗತಿ. ಹುಡುಗನ ಕಣ್ಣೀರು ನೋಡಲಾಗದೆ ನೀವು ಎದ್ದು ಹೋದಿರಿ. ಅವನಿಗೆ ಯಾರಾದರೂ ಹತ್ತಿರ ಬೇಕಾಗಿದ್ದ ಹೊತ್ತಿನಲ್ಲಿ, ಇಡೀ ಶಾಲೆಯಲ್ಲಿ ಅವನ ನೋವನ್ನು ಎಲ್ಲರಿಗಿಂತ ಹೆಚ್ಚು ಅನುಭವಿಸಿದವರೇ ಅಲ್ಲಿರಲಿಲ್ಲ. ಇದನ್ನು ನಿಮ್ಮನ್ನು ದೂರಲು ಹೇಳುತ್ತಿಲ್ಲ. ಹೀಗೇಕಾಗುತ್ತದೆ ಎಂಬುದಕ್ಕೆ ನಾಲ್ಕು ದಶಕಗಳ ಸಂಶೋಧನೆಯಲ್ಲಿ ಸಾಕಷ್ಟು ಸ್ಪಷ್ಟ ಉತ್ತರವಿದೆ, ನಿಮ್ಮ ಪರಿಹಾರವೂ ಅಲ್ಲಿಯೇ ಇದೆ.

ಪರಾನುಭೂತಿ ಎಂದು ನಾವು ಕರೆಯುವುದು ಒಂದೇ ಗುಣವಲ್ಲ. ಮಾರ್ಕ್ ಡೇವಿಸ್ ಎಂಬ ಸಂಶೋಧಕರು 1980ರ ದಶಕದ ಆರಂಭದಲ್ಲಿ ಇದನ್ನು ಅಳೆಯಲು 28 ಪ್ರಶ್ನೆಗಳ ಪಟ್ಟಿ ಮಾಡಿ ನಾಲ್ಕು ಭಾಗಗಳನ್ನಾಗಿ ವಿಂಗಡಿಸಿದರು: ಇನ್ನೊಬ್ಬರ ಜಾಗದಲ್ಲಿ ನಿಂತು ಯೋಚಿಸುವುದು, ಕಥೆ-ನಾಟಕಗಳ ಪಾತ್ರಗಳಲ್ಲಿ ಒಂದಾಗುವುದು, ಕಷ್ಟದಲ್ಲಿರುವವರ ಬಗ್ಗೆ ಕಳಕಳಿ ಹುಟ್ಟುವುದು, ಮತ್ತು ಅವರ ಕಷ್ಟ ಕಂಡು ತಾನೇ ಕಂಗೆಡುವುದು. ನಿಮಗೆ ಬೇಕಾದದ್ದು ಕೊನೆಯ ಎರಡರ ನಡುವಿನ ವ್ಯತ್ಯಾಸ. ಕಳಕಳಿ ಇರುವಾಗ ನಮ್ಮ ಗಮನ ಎದುರಿನವರ ಮೇಲಿರುತ್ತದೆ; ಕಂಗೆಟ್ಟಾಗ ಗಮನ ನಮ್ಮದೇ ಗಂಟಲು, ನಮ್ಮದೇ ಹೊಟ್ಟೆಯ ಸಂಕಟದ ಮೇಲಿರುತ್ತದೆ. ಹೊರಗಿನಿಂದ ನೋಡುವವರಿಗೆ ಎರಡರಲ್ಲೂ ಕಣ್ಣು ತೇವವಾಗಿಯೇ ಕಾಣುತ್ತದೆ. ಆದರೆ ಮುಂದಿನ ನಡೆ ಬೇರೆ.

ಡೇನಿಯಲ್ ಬ್ಯಾಟ್ಸನ್ ಮತ್ತು ಸಂಗಡಿಗರು 1981ರಲ್ಲಿ ಪ್ರಕಟಿಸಿದ ಪ್ರಯೋಗವೊಂದು ಇದನ್ನು ಚೆನ್ನಾಗಿ ತೋರಿಸುತ್ತದೆ. ಒಬ್ಬ ತರುಣಿಗೆ ವಿದ್ಯುತ್ ಆಘಾತ ಕೊಡಲಾಗುತ್ತಿದೆ ಎಂದು ವಿದ್ಯಾರ್ಥಿನಿಯರಿಗೆ ಪರದೆಯ ಮೇಲೆ ತೋರಿಸಲಾಯಿತು (ಆಘಾತ ನಿಜವಾದದ್ದಲ್ಲ, ನಟನೆ). ಬೇಕಾದರೆ ಅವಳ ಬದಲಿಗೆ ತಾವು ಕುಳಿತುಕೊಳ್ಳಬಹುದು ಎಂದೂ ಹೇಳಲಾಯಿತು. ಕೆಲವರಿಗೆ ಎರಡು ಸುತ್ತು ನೋಡಿ ಎದ್ದು ಹೋಗಲು ಅವಕಾಶವಿತ್ತು, ಉಳಿದವರು ಕೊನೆಯವರೆಗೂ ನೋಡಲೇಬೇಕಿತ್ತು. ಅವಳ ನೋವಿನಿಂದ ತಾವೇ ಕಂಗೆಟ್ಟವರಲ್ಲಿ ಹೆಚ್ಚಿನವರು, ಎದ್ದು ಹೋಗುವ ದಾರಿ ತೆರೆದಿದ್ದಾಗ ಹೋಗಿಬಿಟ್ಟರು. ಅವಳ ಬಗ್ಗೆ ಕಳಕಳಿ ಹುಟ್ಟಿದವರು, ಹೋಗಲು ದಾರಿಯಿದ್ದರೂ ಅವಳ ಜಾಗದಲ್ಲಿ ಕೂಡಲು ಒಪ್ಪಿದರು. ತಮ್ಮ ಸಂಕಟವೇ ಮುಂದೆ ಬಂದು ನಿಂತವರಿಗೆ ಅದನ್ನು ಇಳಿಸಿಕೊಳ್ಳುವ ಹತ್ತಿರದ ದಾರಿಯೆಂದರೆ ಆ ಜಾಗ ಬಿಡುವುದು. ನೀವು ಆಫೀಸ್ ಕೋಣೆಗೆ ಹೋದದ್ದು ಇದೇ ದಾರಿಯಿಂದ.

ನೋವು ಅಂಟಿಕೊಳ್ಳುವುದು ಮಾತ್ರ ನಮ್ಮ ಕೈಯಲ್ಲಿಲ್ಲ. ಹುಟ್ಟಿ ಒಂದು ದಿನವೂ ತುಂಬದ ಕೂಸುಗಳು ಇನ್ನೊಂದು ಕೂಸಿನ ಅಳು ಕೇಳಿ ಅಳುತ್ತವೆ, ಮುದ್ರಿಸಿಟ್ಟ ತಮ್ಮದೇ ಅಳು ಕೇಳಿಸಿದರೆ ಅಷ್ಟು ಅಳುವುದಿಲ್ಲ. ಟಾನಿಯಾ ಸಿಂಗರ್ ಅವರ ತಂಡ 2004ರಲ್ಲಿ ದಂಪತಿ-ಪ್ರೇಮಿಗಳ ಜೋಡಿಗಳನ್ನು ಆರಿಸಿಕೊಂಡು, ಗಂಡಸಿನ ಕೈಗೆ ನೋವು ಕೊಟ್ಟಾಗ ಸ್ಕ್ಯಾನರಿನಲ್ಲಿ ಮಲಗಿದ್ದ ಹೆಂಗಸಿನ ಮೆದುಳಿನಲ್ಲಿ ಏನಾಗುತ್ತದೆಂದು ನೋಡಿತು. ನೋವು ಕೈಯ ಯಾವ ಜಾಗದಲ್ಲಿ, ಎಷ್ಟು ಎಂದು ಲೆಕ್ಕಹಾಕುವ ಭಾಗ ಸುಮ್ಮನಿತ್ತು, ನೋವಿನ ಸಂಕಟವನ್ನು ಅನುಭವಿಸುವ ಭಾಗಗಳು ತನಗೇ ನೋವಾದಂತೆ ಚುರುಕಾದವು. ಆದುದರಿಂದ ‘ಅಂಟಿಸಿಕೊಳ್ಳಬೇಡ’ ಎಂದು ಯಾರಿಗಾದರೂ ಹೇಳುವುದು ವ್ಯರ್ಥ. ಅಂಟಿದ ಮರುಕ್ಷಣ ಗಮನ ಎತ್ತ ತಿರುಗುತ್ತದೆ ಎಂಬುದನ್ನು ಮಾತ್ರ ಅಭ್ಯಾಸದಿಂದ ಬದಲಿಸಬಹುದು. ಇದೇ ಸಿಂಗರ್, ಓಲ್ಗಾ ಕ್ಲಿಮೆಕಿ ಜೊತೆಗೂಡಿ ಆ ಬಳಿಕ ನಡೆಸಿದ ಅಧ್ಯಯನದಲ್ಲಿ, ಸಂಕಟದಲ್ಲಿರುವವರ ವಿಡಿಯೊಗಳನ್ನು ನೋಡುತ್ತ ಅವರ ನೋವನ್ನು ತಾವೂ ಅನುಭವಿಸುವ ಅಭ್ಯಾಸ ಮಾಡಿದವರ ಮನಸ್ಸು ಇನ್ನಷ್ಟು ಕುಗ್ಗಿತು. ಆಮೇಲೆ ಅವರಿಗೇ ‘ಇವರಿಗೆ ಒಳ್ಳೆಯದಾಗಲಿ’ ಎಂದು ಹಾರೈಸುವ ಅಭ್ಯಾಸ ಮಾಡಿಸಿದಾಗ, ಅಂಥದೇ ದೃಶ್ಯಗಳ ಮುಂದೆ ಕುಗ್ಗಿದ ಮನಸ್ಸು ಮತ್ತೆ ಚೇತರಿಸಿತು. ನೋವು ಕಾಣದಂತೆ ಕಣ್ಣು ಮುಚ್ಚಿಕೊಳ್ಳುವ ಅಗತ್ಯ ಅವರಿಗೆ ಬರಲಿಲ್ಲ.

ಇದನ್ನು ತಾಂಡಾ ಶಾಲೆಯ ಊಟದ ಪಂಕ್ತಿಗೆ ತರೋಣ. ಗಂಟಲು ಕಟ್ಟಿತೆಂದು ತಿಳಿದ ಕೂಡಲೇ ಉಸಿರನ್ನು ಒಳಗೆಳೆದುಕೊಂಡದ್ದಕ್ಕಿಂತ ಹೆಚ್ಚು ಹೊತ್ತು ಹೊರಬಿಡಿ, ಎರಡು-ಮೂರು ಸಲ ಸಾಕು. ಉಸಿರು ಹೊರಬಿಡುವಾಗ ಎದೆಬಡಿತ ಸ್ವಲ್ಪ ನಿಧಾನವಾಗುವುದು ದೇಹದ ಸಹಜ ವ್ಯವಸ್ಥೆ. ಮನಸ್ಸಿನಲ್ಲೇ ‘ಇದು ನನ್ನ ಸಂಕಟ, ಅವನಿಗೆ ಅವ್ವನ ನೆನಪು’ ಎಂದು ಎರಡನ್ನೂ ಬೇರೆ ಬೇರೆ ಹೆಸರಿಸಿಕೊಳ್ಳಿ. ಭಾವನೆಗೆ ಹೆಸರು ಕೊಟ್ಟಾಗ ಮೆದುಳಿನಲ್ಲಿ ಭಯಕ್ಕೆ ಸ್ಪಂದಿಸುವ ಭಾಗದ ಉದ್ವೇಗ ಇಳಿಯುತ್ತದೆಂದು ಮ್ಯಾಥ್ಯೂ ಲೀಬರ್‌ಮನ್ ಅವರ ತಂಡ 2007ರಲ್ಲಿ ತೋರಿಸಿದೆ. ಆಮೇಲೆ ಅವನ ಪಕ್ಕದಲ್ಲಿ ನೆಲದ ಮೇಲೆ ಕುಳಿತುಕೊಳ್ಳಿ. ‘ಅಳಬೇಡ’ ಎನ್ನುವುದಕ್ಕಿಂತ, ಅವನ ಮಾತಿನಲ್ಲೇ ‘ಯಾಡಿ (ಅವ್ವ) ನೆನಪಾದಳೇ?’ ಎಂದು ಕೇಳಿದರೆ ಅವನ ದುಃಖಕ್ಕೊಂದು ಗುರುತು ಸಿಕ್ಕಂತಾಗುತ್ತದೆ. ಕಬ್ಬು ಕಡಿಯುವವರನ್ನು ಕರೆದೊಯ್ದ ಮೇಸ್ತ್ರಿ, ಅಂದರೆ ಮುಕಾದಮನ ಮೊಬೈಲಿಗೆ ಕರೆ ಮಾಡಿ ವಾರಕ್ಕೆ ಒಂದು ಗೊತ್ತಾದ ದಿನ, ಗೊತ್ತಾದ ಹೊತ್ತಿಗೆ ತಾಯಿಯ ಜೊತೆ ಮಾತನಾಡಿಸುವ ಏರ್ಪಾಡಾದರೆ ಇನ್ನೂ ಒಳ್ಳೆಯದು. ಗಡಿಯಾಚೆಯ ಗದ್ದೆಯಲ್ಲಿರುವ ತಾಯಿಯನ್ನು ಕಾಯುವ ಮಗುವಿಗೆ ‘ಶನಿವಾರ’ ಎಂಬ ಖಚಿತ ಉತ್ತರ ‘ಬೇಗ ಬರುತ್ತಾಳೆ’ ಎಂಬ ಸಮಾಧಾನಕ್ಕಿಂತ ಹೆಚ್ಚು ನೆಮ್ಮದಿ ಕೊಡುತ್ತದೆ. ಹಂಗಾಮು ಮುಗಿದು ಆ ತಾಯಿ ಮನೆಗೆ ಬರುವವರೆಗೂ ಅವನ ದುಃಖ ಪೂರ್ತಿ ಹೋಗಲಿಕ್ಕಿಲ್ಲ. ಅದನ್ನು ಹೋಗಿಸುವುದು ನಿಮ್ಮ ಕೆಲಸವೂ ಅಲ್ಲ, ಅವನು ಅಳುವಾಗ ಒಬ್ಬನೇ ಇರದಂತೆ ನೋಡಿಕೊಳ್ಳುವುದಷ್ಟೇ ನಿಮ್ಮ ಪಾಲಿಗೆ ಬಂದದ್ದು.

ಇದು ವಿದೇಶಿ ಪ್ರಯೋಗಾಲಯಗಳ ಮಾತೆಂದು ಅನ್ನಿಸಿದರೆ ನಮ್ಮ ಕಡೆ ಸತ್ತವರ ಮನೆಗೆ ಮಾತಾಡಿಸಲು ಹೋಗುವ ರೂಢಿಯನ್ನು ಗಮನಿಸಿ. ಬಂದ ಹೆಂಗಸರು ಓಣಿಯ ತಿರುವಿನಿಂದಲೇ ದನಿ ತೆಗೆದು ಅಳುತ್ತ ಬರುತ್ತಾರೆ, ಗಂಡನನ್ನು ಕಳೆದುಕೊಂಡವಳ ಕೊರಳಿಗೆ ಬಿದ್ದು ಮನಸಾರೆ ಅಳುತ್ತಾರೆ. ಸ್ವಲ್ಪ ಹೊತ್ತಿಗೆ ಹಿರಿಯಳೊಬ್ಬಳು ‘ಸಾಕು ಸುಮ್ಮನಾಗ್ರಿ, ಅತ್ತರ ಹೋದಾವ್ರು ಬರ್ತಾರೇನು’ ಎನ್ನುತ್ತಾಳೆ, ಅಳು ನಿಲ್ಲುತ್ತದೆ. ಹೇಗಾಯಿತು, ಯಾವ ಆಸ್ಪತ್ರೆಗೆ ಒಯ್ದಿರಿ, ಕೊನೆಗೆ ಯಾರ ಹೆಸರು ಹಿಡಿದು ಕರೆದರು ಎಂಬ ಮಾತುಗಳಾಗುತ್ತವೆ. ಆಮೇಲೆ ಬೀಗರ ಮನೆಯಿಂದ ಬಂದ ಬುತ್ತಿ ಬಿಚ್ಚಿ, ಬೇಡವೆಂದರೂ ಬಿಡದೆ ಅವಳ ಬಾಯಿಗೆ ಎರಡು ತುತ್ತು ಇಡುತ್ತಾರೆ. ತಮ್ಮ ಮನೆಗೆ ಮರಳಿದವರು ಕೈಕಾಲು ತೊಳೆಯದೆ ಒಳಗೆ ಬರುವುದಿಲ್ಲ. ನೋವು ಅಂಟಿಸಿಕೊಳ್ಳಲು ಒಂದು ಹೊತ್ತು, ಅದನ್ನು ಕೈಕೆಲಸಕ್ಕೆ ತಿರುಗಿಸಲು ಒಂದು ಹೊತ್ತು, ಅಲ್ಲಿಯೇ ಬಿಟ್ಟು ಬರಲು ಒಂದು ಮರ್ಯಾದೆ, ಎಲ್ಲವೂ ಆ ರೂಢಿಯೊಳಗಿವೆ. ನಿಮ್ಮ ದಿನಚರಿಯಲ್ಲಿ ಮೊದಲನೆಯದಷ್ಟೇ ಇದೆ. ಶಾಲೆಯಿಂದ ಮನೆಗೆ ಬರುವ ಬಸ್ಸಿನ ಹಾದಿಯನ್ನು ಇದಕ್ಕಾಗಿ ಬಳಸಿಕೊಳ್ಳಬಹುದು: ಮೊಬೈಲ್ ಪಕ್ಕಕ್ಕಿಟ್ಟು, ಆ ಹುಡುಗನಿಗಾಗಿ ಇಂದು ಮಾಡಿದ್ದೇನು, ನಾಳೆ ಮಾಡುವುದೇನು ಎಂಬ ಎರಡು ಸಾಲನ್ನು ಚಿಕ್ಕ ವಹಿಯಲ್ಲಿ ಬರೆದಿಟ್ಟುಬಿಡಿ. ಮನೆಗೆ ಬಂದು ಮುಖ ತೊಳೆದು ಹತ್ತು ನಿಮಿಷ ಮಾಳಿಗೆಯ ಮೇಲೆ ಒಬ್ಬರೇ ಕುಳಿತರೆ ಯಾರ ಕೆಲಸವೂ ಕೆಡುವುದಿಲ್ಲ. ಟಿವಿ, ಕುಕ್ಕರಿನ ಸೀಟಿ, ಮಕ್ಕಳ ಗದ್ದಲ ಒಟ್ಟಿಗೆ ಕಿವಿಗೆ ಬೀಳುವ ಸಂಜೆಯ ಹೊತ್ತು ನಿಮ್ಮ ಸ್ವಭಾವದವರಿಗೆ ಹೆಚ್ಚು ಭಾರವೆಂಬುದನ್ನು ಯಜಮಾನರಿಗೆ ಬಿಡಿಸಿ ಹೇಳಿ.

ಅವರ ಸಲಹೆಯ ಬಗ್ಗೆಯೂ ಒಂದು ಮಾತು. ಮನಸ್ಸು ಗಟ್ಟಿ ಮಾಡಿಕೊಳ್ಳುವುದೆಂದರೆ ನಮ್ಮಲ್ಲಿ ಸಾಮಾನ್ಯವಾಗಿ ಅನ್ನಿಸಿದ್ದನ್ನು ಮುಖದ ಮೇಲೆ ತೋರದಂತೆ ಅದುಮುವುದು. ಹೀಗೆ ಅದುಮಿದವರ ಒಳಗಿನ ಸಂಕಟ ಕಡಿಮೆಯಾಗುವುದಿಲ್ಲ, ದೇಹದ ಒತ್ತಡ ಮಾತ್ರ ಏರುತ್ತದೆ. 2003ರ ಒಂದು ಅಧ್ಯಯನದಲ್ಲಿ, ಭಾವನೆ ಅದುಮಿಕೊಂಡು ಮಾತನಾಡುತ್ತಿದ್ದವರ ಎದುರು ಕುಳಿತವರ ರಕ್ತದೊತ್ತಡ ಕೂಡ ಏರಿತ್ತು. ಅವರು ಒಳ್ಳೆಯ ಉದ್ದೇಶದಿಂದಲೇ ಹೇಳಿರುತ್ತಾರೆ, ಆದರೂ ಆ ಸಲಹೆ ನಿಮಗೆ ಒಗ್ಗುವುದಿಲ್ಲ.

ಇನ್ನು ಅತ್ತೆಯವರ ಮುಖದ ವಿಚಾರ. ಇಲ್ಲಿ ನಡೆಯುತ್ತಿರುವುದು ಬೇರೆ, ನನ್ನ ಅಂದಾಜಿನಲ್ಲಿ ನಿಮ್ಮನ್ನು ಹೆಚ್ಚು ದಣಿಸುತ್ತಿರುವುದೂ ಇದೇ. ಅವರ ಮುಖ ಬದಲಾದದ್ದನ್ನು ನೀವು ಎಲ್ಲರಿಗಿಂತ ಮೊದಲು ಕಾಣುತ್ತೀರಿ, ಅಲ್ಲಿಯವರೆಗೆ ಸರಿ. ಏಕೆ ಬದಲಾಯಿತು ಎಂಬುದನ್ನು ಮಾತ್ರ ನೀವು ಊಹಿಸುತ್ತೀರಿ, ಆ ಊಹೆ ಪ್ರತಿಸಲವೂ ನಿಮ್ಮ ತಪ್ಪಿನ ಕಡೆಗೇ ಹೋಗುತ್ತದೆ. ಪರರ ಮನಸ್ಸಿನಲ್ಲಿರುವುದನ್ನು ಎಷ್ಟು ಸರಿಯಾಗಿ ಊಹಿಸುತ್ತೇವೆ ಎಂಬುದನ್ನು ವಿಲಿಯಮ್ ಇಕ್ಸ್ ಎಂಬ ವಿದ್ವಾಂಸರು ವರ್ಷಗಟ್ಟಲೆ ಅಳೆದಿದ್ದಾರೆ. ಅಪರಿಚಿತರ ನಡುವೆ ಸರಿಯಾಗುವುದು ಸುಮಾರು ಐದರಲ್ಲೊಂದು ಪಾಲು, ಆಪ್ತರ ನಡುವೆಯೂ ಮೂರರಲ್ಲೊಂದು ಪಾಲಿನ ಸುತ್ತಮುತ್ತ. ನಾನು ಸೂಕ್ಷ್ಮ, ನನಗೆಲ್ಲ ತಿಳಿಯುತ್ತದೆ ಎಂಬ ನಂಬಿಕೆಗೂ ನಿಜವಾದ ನಿಖರತೆಗೂ ಹೆಚ್ಚಿನ ಸಂಬಂಧವಿಲ್ಲ. ಮೊಣಕಾಲು ನೋವಿನ ಸಂಗತಿ ನಿಮಗೆ ಮರುದಿನ ತಿಳಿದುಬರುವುದು ಇದೇ ಮಾತನ್ನು ಹೇಳುತ್ತದೆ.

ಈ ಊಹೆಯ ಬೇರು ನಿಮ್ಮ ತಂದೆಯವರ ಹೆಜ್ಜೆಯ ಸಪ್ಪಳದಲ್ಲಿದೆ ಎಂದು ನನಗನ್ನಿಸುತ್ತದೆ. ಸೆತ್ ಪೋಲಾಕ್ ಎಂಬ ಅಮೆರಿಕದ ಸಂಶೋಧಕರು ಮಸುಕಾದ ಚಿತ್ರದಿಂದ ನಿಧಾನವಾಗಿ ಸ್ಪಷ್ಟವಾಗುತ್ತ ಹೋಗುವ ಮುಖಗಳನ್ನು ಮಕ್ಕಳಿಗೆ ತೋರಿಸಿದಾಗ, ಮನೆಯಲ್ಲಿ ಏಟು ತಿಂದ ಮಕ್ಕಳು ಸಿಟ್ಟಿನ ಮುಖವನ್ನು ಉಳಿದ ಮಕ್ಕಳಿಗಿಂತ ಬಹಳ ಮೊದಲೇ, ಇನ್ನೂ ಮಸುಕಾಗಿರುವಾಗಲೇ ಗುರುತಿಸಿದರು. ನೀವು ಏಟು ತಿಂದದ್ದಾಗಿ ಬರೆದಿಲ್ಲ. ಆದರೆ ರಾತ್ರಿ ಹೇಗಿರುತ್ತದೋ ಎಂದು ಕಿವಿ ನಿಮಿರಿಸಿಕೊಂಡು ಮಲಗಿದ ಮಗು ಸಿಟ್ಟಿನ ಸುಳಿವನ್ನು ಬೇಗ ಹಿಡಿಯಲು ಕಲಿಯುತ್ತದೆ, ಆ ಮನೆಯಲ್ಲಿ ಅದು ಬುದ್ಧಿವಂತಿಕೆಯೇ ಆಗಿತ್ತು; ಯಾವಾಗ ಹೊದಿಕೆಯೊಳಗೆ ಸೇರಬೇಕು, ಯಾವಾಗ ತಮ್ಮ-ತಂಗಿಯರನ್ನು ಸುಮ್ಮನಿರಿಸಬೇಕು ಎಂಬುದು ಅದರಿಂದಲೇ ತಿಳಿಯುತ್ತಿತ್ತು. ಈಗಿನ ಮನೆಯಲ್ಲಿ ಬಾಗಿಲಾಚೆ ಅಂಥ ಅಪಾಯವಿಲ್ಲ, ಮೊಣಕಾಲು ನೋಯುವ ಹಿರಿಯ ಹೆಂಗಸೊಬ್ಬರಿದ್ದಾರೆ. ದೇಹಕ್ಕೆ ಇನ್ನೂ ಆ ಸುದ್ದಿ ಮುಟ್ಟಿಲ್ಲ.

ಮುಟ್ಟಿಸುವ ದಾರಿ ಕೇಳುವುದು. ‘ಯಾಕ್ರೀ ಅತ್ತಿ, ಮೊಣಕಾಲು ನೋಯಾಕತ್ತಾವೇನು, ಎಣ್ಣಿ ಹಚ್ಚಲೇನ್ರಿ?’ ಎಂಬಷ್ಟು ಸಾಕು. ‘ನನ್ನ ಮೇಲೆ ಸಿಟ್ಟೇ?’ ಎಂದು ಆರಂಭಿಸಬೇಡಿ, ಅದು ಅವರ ನೋವನ್ನು ಬಿಟ್ಟು ನಿಮ್ಮ ಅಂಜಿಕೆಯನ್ನು ಮಾತಿನ ನಡುವೆ ತಂದಿಡುತ್ತದೆ. ಉತ್ತರ ಬಂದರೆ ಅದನ್ನು ನಂಬಿ. ‘ಏನಿಲ್ಲ’ ಎಂದರೆ ಅದನ್ನೂ ನಂಬಿ, ಮತ್ತೆ ಕೆದಕಬೇಡಿ. ನಿಜವಾಗಿಯೂ ಅವರಿಗೆ ನಿಮ್ಮ ಮೇಲೆ ಬೇಸರವಿದ್ದರೆ ಹೇಳುವ ಜವಾಬ್ದಾರಿ ಅವರದು, ಅವರ ಮುಖ ಓದಿ ಪತ್ತೆಹಚ್ಚುವುದು ನಿಮ್ಮ ಕೆಲಸವಲ್ಲ. ಕೂಡು ಕುಟುಂಬದಲ್ಲಿ ಇದು ಸುಲಭವಲ್ಲವೆಂದು ಬಲ್ಲೆ. ಸೊಸೆಯಾದವಳು ಎಲ್ಲರ ಮನಸ್ಸು ಅರಿತು ನಡೆಯಬೇಕೆಂಬ ನಿರೀಕ್ಷೆ ನಮ್ಮ ಮನೆಗಳಲ್ಲಿದೆ, ಮಗನಿಂದ ಅದನ್ನು ಯಾರೂ ಬಯಸುವುದಿಲ್ಲ. ಹೆಂಗಸರು ಹುಟ್ಟಿನಿಂದಲೇ ಹೆಚ್ಚು ಮರುಗುವವರು ಎಂಬ ಮಾತನ್ನು ನ್ಯಾನ್ಸಿ ಐಸನ್‌ಬರ್ಗ್ ಮತ್ತು ರ‍್ಯಾಂಡಿ ಲೆನ್ನನ್ 1983ರಲ್ಲಿ ಪರಿಶೀಲಿಸಿದಾಗ, ಪ್ರಶ್ನಾವಳಿಯಲ್ಲಿ ತಮ್ಮ ಬಗ್ಗೆ ತಾವೇ ಹೇಳಿಕೊಂಡ ಕಡೆ ಗಂಡು-ಹೆಣ್ಣಿನ ಅಂತರ ದೊಡ್ಡದಾಗಿತ್ತು, ಎದೆಬಡಿತ, ಬೆವರು ಅಳೆದ ಕಡೆ ಅಂತರ ಕಾಣಲಿಲ್ಲ. ಆದುದರಿಂದ ಮನೆಯವರ ಮನಸ್ಸು ಕಾಯುವ ಕೆಲಸದಲ್ಲಿ ಯಜಮಾನರೂ ಪಾಲು ತೆಗೆದುಕೊಳ್ಳಬಹುದು. ತಾಯಿಯ ಮುಖ ಏಕೆ ಸಪ್ಪಗಿದೆ ಎಂದು ಮಗನೂ ಕೇಳಬಹುದಲ್ಲ!

ಕೆಟ್ಟ ಮನಸ್ಸಿನವರಿಂದ ದೂರವಿರಿ ಎಂಬ ವಿಡಿಯೊಗಳ ಸಲಹೆಗೆ ನನ್ನ ಒಪ್ಪಿಗೆಯಿಲ್ಲ. ಹೊಡೆಯುವವರಿಂದ, ನಿತ್ಯ ಅವಮಾನಿಸುವವರಿಂದ ದೂರವಿರಬೇಕಾದದ್ದು ಸರಿ. ಆದರೆ ದುಃಖದಲ್ಲಿರುವವರು, ಸಿಡುಕುವವರು, ನೋವುಳ್ಳವರು ಎಲ್ಲರನ್ನೂ ಒಂದೇ ಪಟ್ಟಿಗೆ ಸೇರಿಸಿ ದೂರ ಸರಿಯುತ್ತ ಹೋದರೆ, ನೀವು ಆಫೀಸ್ ಕೋಣೆಗೆ ಹೋದ ಅಭ್ಯಾಸವೇ ಬದುಕಿನ ರೀತಿಯಾಗುತ್ತದೆ. ತಪ್ಪಿಸಿಕೊಂಡಷ್ಟೂ ಮುಂದಿನ ಸಲದ ತಳಮಳ ಹೆಚ್ಚುತ್ತದೆ.

ನಿದ್ದೆಯ ಬಗ್ಗೆ ನೀವು ಬರೆದದ್ದನ್ನು ಸ್ವಭಾವದ ಖಾತೆಗೆ ಹಾಕಬೇಡಿ. ಸೂಕ್ಷ್ಮ ಸ್ವಭಾವ ಚಿಕ್ಕಂದಿನಿಂದಲೂ ಇರುವಂಥದ್ದು, ಮೂರ್ನಾಲ್ಕು ತಿಂಗಳಿಂದ ಆರಂಭವಾಗುವುದಿಲ್ಲ. ನಸುಕಿನಲ್ಲಿ ಎಚ್ಚರವಾಗಿ ಮತ್ತೆ ನಿದ್ದೆ ಬಾರದಿರುವುದು, ಊಟ ಸೇರದಿರುವುದು, ಮೊದಲು ಇಷ್ಟವಾಗುತ್ತಿದ್ದುದರಲ್ಲಿ ಮನಸ್ಸಿಲ್ಲದಿರುವುದು ಎರಡು ವಾರಕ್ಕೂ ಹೆಚ್ಚು ಕಾಲ ಇದ್ದರೆ ಅದು ಖಿನ್ನತೆಯ ಲಕ್ಷಣವಾಗಿರಬಹುದು. ಸದಾ ತಳಮಳ, ಎದೆ ಡವಡವ ಇದ್ದರೆ ಆತಂಕದ ಕಾಯಿಲೆಯೂ ಆಗಿರಬಹುದು. ಎರಡಕ್ಕೂ ಒಳ್ಳೆಯ ಚಿಕಿತ್ಸೆಯಿದೆ. ಮೊದಲು ವೈದ್ಯರಲ್ಲಿ ಥೈರಾಯ್ಡ್ ಮತ್ತು ಹಿಮೋಗ್ಲೋಬಿನ್ ಪರೀಕ್ಷೆ ಮಾಡಿಸಿ, ಅವುಗಳ ಏರುಪೇರೂ ಇಂಥ ದಣಿವು ತರುತ್ತದೆ. ನಂತರ ಜಿಲ್ಲಾ ಆಸ್ಪತ್ರೆಯ ಮನೋರೋಗ ವಿಭಾಗಕ್ಕೆ ಹೋಗಿ. ತಂದೆಯವರ ವಿಚಾರವನ್ನು ಅಲ್ಲಿಯೂ ಹೇಳಿ. ಅದಕ್ಕೆ ಮುಂಚೆ ಫೋನಿನಲ್ಲೇ ಮಾತನಾಡಬೇಕೆನಿಸಿದರೆ ಕೇಂದ್ರ ಸರಕಾರವು 2022ರ ಅಕ್ಟೋಬರಿನಲ್ಲಿ ಆರಂಭಿಸಿದ ಟೆಲಿ-ಮಾನಸ್ ಸಹಾಯವಾಣಿಯ 14416 ಸಂಖ್ಯೆಗೆ ಹಗಲು-ರಾತ್ರಿ ಯಾವಾಗ ಬೇಕಾದರೂ ಕರೆ ಮಾಡಬಹುದು, ಕನ್ನಡದಲ್ಲಿ ಮಾತನಾಡುತ್ತಾರೆ, ಹಣ ಕೊಡಬೇಕಿಲ್ಲ. ಬದುಕು ಬೇಡವೆಂಬ ಯೋಚನೆ ಒಮ್ಮೆ ಬಂದರೂ ಅಂದೇ ಕರೆ ಮಾಡಿ.

ಮಗಳ ವಿಚಾರದಲ್ಲಿ ಹೆದರಬೇಡಿ. ಸೂಕ್ಷ್ಮ ಮಕ್ಕಳು ಕೆಟ್ಟ ಪರಿಸರದಲ್ಲಿ ಹೆಚ್ಚು ಬಾಡುವಂತೆ ಒಳ್ಳೆಯ ಪರಿಸರದಲ್ಲಿ ಉಳಿದವರಿಗಿಂತ ಹೆಚ್ಚು ಚಿಗುರುತ್ತಾರೆ. ಮೈಕಲ್ ಪ್ಲೂಸ್ ಮತ್ತು ಇಲೋನಾ ಬೋನಿವೆಲ್ 2015ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ, ಖಿನ್ನತೆ ತಡೆಯಲೆಂದು ಇಂಗ್ಲೆಂಡಿನ ಒಂದು ಶಾಲೆಯ ಹೆಣ್ಣುಮಕ್ಕಳಿಗೆ ಕೊಟ್ಟ ತರಬೇತಿಯ ಲಾಭ ಮುಖ್ಯವಾಗಿ ಸೂಕ್ಷ್ಮ ಸ್ವಭಾವದ ಹುಡುಗಿಯರಿಗೇ ಆಗಿತ್ತು. ಅವಳನ್ನು ಅಳುಬುರುಕಿ ಎಂದು ಯಾರೂ ಕರೆಯದಂತೆ ನೋಡಿಕೊಳ್ಳಿ, ಎಲ್ಲರ ಮನಸ್ಸು ಅರಿಯುವ ಜಾಣೆ ಎಂದು ಬಂಧುಗಳ ಮುಂದೆ ಹೊಗಳುವುದೂ ಬೇಡ. ಆ ಹೊಗಳಿಕೆಯೇ ನಾಳೆ ಅವಳ ಪಾಲಿನ ಚಾಕರಿಯಾಗುತ್ತದೆ. ಸಿಟ್ಟಾಗಿರುವೆಯಾ ಎಂದು ಅವಳು ಕೇಳಿದಾಗ ಇದ್ದದ್ದನ್ನು ಇದ್ದ ಹಾಗೆ ಹೇಳಿ: ‘ಇಲ್ಲವ್ವಾ, ತಲಿ ನೋಯಾಕತ್ತೈತಿ, ಸ್ವಲ್ಪ ಹೊತ್ತು ಮಲಗತೀನಿ.’ ನಿಜವಾಗಿ ಸಿಟ್ಟಿದ್ದರೆ ಅದನ್ನೂ, ಏಕೆಂಬುದನ್ನೂ ಹೇಳಿ. ಮುಖ ಸಪ್ಪಗಿಟ್ಟುಕೊಂಡು ‘ಏನಿಲ್ಲ’ ಎಂದರೆ, ಅವ್ವನ ಮಾತಿಗಿಂತ ಅವ್ವನ ಮುಖವನ್ನೇ ನಂಬಬೇಕೆಂದು ಅವಳು ಕಲಿಯುತ್ತಾಳೆ, ನೀವು ಅತ್ತೆಯವರ ಮುಂದೆ ಮಾಡುವುದೂ ಅದನ್ನೇ. ಅವಳು ತಲೆ ಒತ್ತಲು ಬಂದರೆ ಸ್ವಲ್ಪ ಹೊತ್ತು ಒತ್ತಿಸಿಕೊಂಡು ಆಡಲು ಕಳುಹಿಸಿ.